ಸೋಲಿಸುವುದಿದ್ದರೂ ಬೇಗ ಸೋಲಿಸಿ

ಮೇಲ್ಮನವಿ ಕಚೇರಿಯ ಬೆಂಚುಗಳನ್ನು ಅಲಂಕರಿಸಿರುವ ಸಮಸ್ತ ಸಹ ಅರ್ಜಿದಾರರೇ, ಬೆಂಚು ಸಿಗದೆ ಕಾಲು ಬದಲಿಸುತ್ತ ನಿಂತಿರುವ ಮಹನೀಯರೇ, ಹಾಗೂ ಬಾಗಿಲ ಆಚೆ ಇದ್ದೀರೆಂದು ನಾವೆಲ್ಲ ನಂಬಿಕೊಂಡಿರುವ ಮಾನ್ಯ ಮೇಲ್ಮನವಿ ಅಧಿಕಾರಿಗಳೇ,

ನನ್ನ ಅಕ್ಕ ಸಸಿ ಬೆಳೆಸಿ ಮಾರುವ ಅಂಗಳಕ್ಕೆ ನಿಮ್ಮ ಕೈಕೆಳಗಿನವರು ಒಂದು ನೋಟಿಸೂ ಕೊಡದೆ ಬೀಗ ಜಡಿದು ಮೊಹರು ಹಾಕಿದ್ದಾರೆ. ಪರವಾನಗಿ ನವೀಕರಿಸಿಲ್ಲವಂತೆ. ನವೀಕರಿಸಿದ ಪರವಾನಗಿ ಒಳಗಿನ ಗೋಡೆಯಲ್ಲೇ ಕಟ್ಟು ಹಾಕಿಸಿಕೊಂಡು ತೂಗುತ್ತಿದೆ. ಗೇಟಿನ ಸಂದಿಯಿಂದ ಕಣ್ಣಿಗೆ ಕಾಣುತ್ತದೆ, ಕೈಗೆ ಸಿಗುವುದಿಲ್ಲ.

ಉಚ್ಚ ನ್ಯಾಯಾಲಯಕ್ಕೆ ಹೋದೆವು. ಕಾನೂನಿನಲ್ಲೇ ಮೇಲ್ಮನವಿಯ ದಾರಿ ಇರುವಾಗ ಮೊದಲು ಅದನ್ನು ಮುಗಿಸಿ ಬನ್ನಿ ಎಂದರು. ಸರಿಯಾದ ಮಾತೇ. ಮೆಟ್ಟಿಲಿರುವ ಮನೆಗೆ ಏಣಿ ಹಾಕಿ ಹತ್ತುವುದು ಸಭ್ಯತೆಯಲ್ಲ. ಆದರೆ ಮೊದಲ ಮೆಟ್ಟಿಲಲ್ಲೇ ಒಂಟಿಕಾಲಲ್ಲಿ ನಿಲ್ಲಿಸಿದರೆ? ನೀವು ನಮ್ಮ ಮನವಿಯನ್ನು ಪುರಸ್ಕರಿಸಿಲ್ಲ, ತಿರಸ್ಕರಿಸಿಲ್ಲ, ಬರೀ ಸ್ವೀಕರಿಸಿದ್ದೀರಿ. ಅರ್ಜಿ ಇದೆ, ಮರ್ಜಿ ಇಲ್ಲ. ನಿಮ್ಮ ಗುಮಾಸ್ತರದು ಒಂದೇ ಪಲ್ಲವಿ: "ಸಾಹೇಬ್ರು ಮೀಟಿಂಗಲ್ಲಿದಾರೆ, ಆಮೇಲೆ ಬನ್ನಿ." ನಮ್ಮ ವಕೀಲರದು ಅನುಪಲ್ಲವಿ: "ಇಲ್ಲಿ ಬಾಕಿ ಇರೋವಾಗ ಅಲ್ಲಿಗೆ ಹೋದ್ರೆ ತಿರುಗಿ ಇಲ್ಲಿಗೇ ಅಟ್ತಾರೆ. ಆಗಲ್ಲ ಅಂತಾದ್ರೂ ಅನ್ನಲಿ ಮಾರಾಯ್ರೆ!" ಸೋತವನಿಗೆ ಮೇಲಿನ ಬಾಗಿಲಾದರೂ ಉಂಟು, ಕಾದವನಿಗೆ ಏನುಂಟು? ಸೋಲನ್ನೂ ಸರದಿಯಲ್ಲಿ ನಿಂತು ಬೇಡುವ ಪ್ರಜೆಗಳನ್ನು ನೀವು ಬೇರೆಲ್ಲಾದರೂ ಕಂಡಿದ್ದೀರಾ?

ಕಡತಕ್ಕೆ ಬಾಯಾರುವುದಿಲ್ಲ, ಸ್ವಾಮಿ. ಗಿಡಕ್ಕೆ ಬಾಯಾರುತ್ತದೆ. ನನ್ನ ಅಕ್ಕ ನೆರೆಮನೆಯ ನಲ್ಲಿಗೆ ಪೈಪು ಸಿಕ್ಕಿಸಿ ಗೇಟಿನ ಮೇಲಿಂದ ನೀರು ಹಾರಿಸಲು ಹೋದಳು. ನೀವು ನೇಮಿಸಿದ ಕಾವಲುಗಾರ ಓಡಿಬಂದ.

"ಅಕ್ಕಾವ್ರೇ, ಬೀಗದ ಹತ್ರ ಬರಬೇಡಿ."

"ನಿನ್ನ ಬೀಗ ಯಾರಿಗ್ ಬೇಕಪ್ಪಾ? ನೀರು ಬಿಡ್ತೀನಿ, ಅಷ್ಟೇ."

"ಇದ್ದದ್ದು ಇದ್ದ ಹಾಗೇ ಇರಬೇಕು ಅಂತ ಆರ್ಡರ್ ಆಗಿದೆ."

"ಹಾಗಾದ್ರೆ ಒಳಗೆ ಹೋಗಿ ಗಿಡಕ್ಕೂ ಓದಿ ಹೇಳು, ಒಣಗಬೇಡ ಅಂತ!"

ಅವನು ಪಾಪ, ಮುಖ ತಿರುಗಿಸಿ ನಿಂತ. ಗೇಟಿನ ಪಕ್ಕದ ಗುಲಾಬಿಗಳಷ್ಟೇ ನೆನೆದವು. ಅವಳು ಕೈಯಾರೆ ಕಸಿ ಕಟ್ಟಿದ ನಿಂಬೆ ಸಸಿಗಳಿರುವುದು ಹಿಂದಿನ ಗೋಡೆಗೆ. ಅಲ್ಲಿಗೆ ಪೈಪಿನ ನೀರೂ ಮುಟ್ಟಲಿಲ್ಲ, ನಮ್ಮ ಮನವಿಯೂ ಮುಟ್ಟಲಿಲ್ಲ. ನಾಳೆ ನೀವು ಬೀಗ ತೆಗೆಸಿ ನಮ್ಮನ್ನು ಗೆಲ್ಲಿಸಿದರೆ, ಗೆದ್ದ ಕಡ್ಡಿಗಳನ್ನು ಒಲೆಗೆ ಹಾಕೋಣವೇ?

ಆದ್ದರಿಂದ ನನ್ನ ಬೇಡಿಕೆ ಚಿಕ್ಕದು. ತೀರ್ಪು ಕೊಡುವವರೆಗೆ ನೀರು ಹಾಕಲು ಬಿಡಿ. ಸೋಮವಾರ ಅಕ್ಕನನ್ನು ಕರೆದು ಕೇಳಿ. ಸೋಲಿಸುವುದಿದ್ದರೆ ಅಂದೇ ಸೋಲಿಸಿ.

ಸೋಮವಾರವೇ ಏಕೆಂದರೆ, ಅಂದು ವಿಚಾರಣೆ ಇದೆಯೆಂದು ನಾನಾಗಲೇ ಅವಳಿಗೆ ಹೇಳಿಬಿಟ್ಟಿದ್ದೇನೆ. ನೀವು ದಿನಾಂಕ ಕೊಟ್ಟೇ ಇಲ್ಲ. ಎರಡು ದಿನದಿಂದ ಊಟ ಬಿಟ್ಟು ಕೂತಿದ್ದಳು; ಬಾಯಿಗೆ ಬಂದದ್ದು ಹೇಳಿದೆ. ಎದ್ದು ಉಂಡಳು. ಈಗ ಪೈಪು ಸುತ್ತಿ ಬಾಗಿಲ ಬಳಿ ಇಟ್ಟುಕೊಂಡಿದ್ದಾಳೆ. ಈ ಪತ್ರವನ್ನು ಪತ್ರಿಕೆಗೆ ಕೊಟ್ಟಿದ್ದೇನೆ; ಅವಳು ಪತ್ರಿಕೆ ಓದುವುದಿಲ್ಲ. ಬೆಂಚಿನ ಮೇಲಿನ ಮಹನೀಯರೇ, ನೀವ್ಯಾರೂ ಹೇಳಬೇಡಿ.

ಇಂತಿ,
ಸೋಮವಾರಕ್ಕೆ ಹೆದರಿ ಕೂತಿರುವ,
ಸಸಿ ಮಾರುವವಳ ತಮ್ಮ