ಕಾಶೆ ತಾತನ ಬಡಕಲು ಜಿಂಕೆ

ವಿಂಡ್‌ಹೂಕ್, ಮಂಗಳವಾರ

ತಾತ,

ಈ ಪಟ್ಟಣದ ಆಸ್ಪತ್ರೆಯ ಎದುರಿನ ಪುಸ್ತಕದಂಗಡಿಯಲ್ಲಿ ನಮ್ಮ ಮರಳುಗಾಡಿನ ಬಗ್ಗೆ ಒಂದು ದಪ್ಪ ಪುಸ್ತಕವಿದೆ, ಅದರೊಳಗೆ ನೀನಿದ್ದೀಯ! ಹಿಂದೆ ನಮ್ಮಲ್ಲಿ ಬಿಡಾರ ಹೂಡಿದ್ದನಲ್ಲ, ಆ ಕೆಂಪು ಗಡ್ಡದವನು ಬರೆದದ್ದು. ನಿನ್ನ ಚಿತ್ರದ ಕೆಳಗೆ ಏನಿದೆ ಗೊತ್ತೇ? ‘ಕಾಶೆ, ಕೈಲಾಗದ ಬೇಟೆಗಾರ. ಇವನು ಹೊಡೆದ ಬಡಕಲು ಜಿಂಕೆಯನ್ನು ಕಂಡು ಹಸಿದ ಜನ ಗೋಳಾಡಿದರು.’

ಹಟ್ಟಿಯೆಲ್ಲ ಉಂಡರೂ ಮಿಕ್ಕಿದ ಆ ಜಿಂಕೆ! ಹೊಗಳಿದರೆ ನಿನಗೆ ತಲೆ ತಿರುಗೀತೆಂದು ಎಲ್ಲರೂ ವಾಡಿಕೆಯಂತೆ, “ಥೂ, ಬರೀ ಮೂಳೆ! ಇದನ್ನ ಹೊರೋಕೆ ನಮ್ಮನ್ನ ಕರೆದ್ಯಾ?” ಎಂದು ಹಂಗಿಸಿದ್ದನ್ನು ಆ ಪುಣ್ಯಾತ್ಮ ನಿಜವೆಂದೇ ಬರೆದುಕೊಂಡು ಹೋಗಿದ್ದಾನೆ.

ಅಂಗಡಿಯಾಕೆ, “ನಿಮ್ಮ ತಾತನಾ? ಪಾಪ, ಅಷ್ಟೊಂದು ಕೈಲಾಗದವ್ರಾ?” ಎಂದಳು. ನಿಜ ಹೇಳಲು ಬಾಯಿ ತೆರೆದೆ. ನಿನ್ನನ್ನು ಹೊಗಳಿ ಈ ನಾಲಿಗೆಗೆ ಅಭ್ಯಾಸವೆಲ್ಲಿದೆ ತಾತ? “ಅಯ್ಯೋ, ಪುಸ್ತಕದವ್ನು ಕಮ್ಮೀನೇ ಬರ್ದಿದಾನೆ ಬಿಡಿ!” ಎಂದುಬಿಟ್ಟೆ. ಆಕೆ ಕನಿಕರಪಟ್ಟು ನನಗೊಂದು ಬನ್ನು ಕೊಟ್ಟಳು.

ಕೆಮ್ಮು ಇಳಿದಿದೆ, ಮಾತ್ರೆ ತಪ್ಪಿಸಿಲ್ಲ. ಆಸ್ಪತ್ರೆಯವರು ಬಿಟ್ಟ ಕೂಡಲೇ ಬರುತ್ತೇನೆ, ಬೈಯುವುದಿದ್ದರೆ ಆಗ ಬೈ.

ನಿನ್ನದೇ ಹೆಸರು ಹೊತ್ತ ಮೊಮ್ಮಗ,
ಕೈಲಾಗದ ಕಾಶೆ