ಕಲ್ಲುಬಾಗಿಲ ಓಣಿಯ ಕೊನೇ ಮನೆ

ಬಾಗಲೂರು
8 ಜೂನ್ 2025, ಭಾನುವಾರ

ಚಿರಂಜೀವಿ ಸೌಭಾಗ್ಯವತಿ ದಿವ್ಯಳಿಗೆ ನಿನ್ನ ಅಮ್ಮನ ಆಶೀರ್ವಾದಗಳು.

ಸೌಭಾಗ್ಯವತಿ ಎಂದು ಬರೆಯುವಾಗ ಪೆನ್ನು ಒಂದು ಗಳಿಗೆ ನಿಂತಿತು. ಆಮೇಲೆ, ನಿನ್ನ ಗಂಡ ಬಿಟ್ಟು ಹೋಗಿದ್ದಾನೆಯೇ ಹೊರತು ಇನ್ನೇನೂ ಆಗಿಲ್ಲವಲ್ಲ ಎಂದುಕೊಂಡು ಬರೆದೇಬಿಟ್ಟೆ. ನಾನಿರುವುದು ಒಂದನೇ ನಂಬರಿನಲ್ಲಿ, ನೀನಿರುವುದು ಹದಿನಾಲ್ಕರಲ್ಲಿ. ಒಂದೇ ಓಣಿ. ನಡುವೆ ಹನ್ನೆರಡು ಮನೆ. ಇಷ್ಟು ದೂರಕ್ಕೆ ಯಾವ ತಾಯಿ ಮಗಳಿಗೆ ಕಾಗದ ಬರೆಯುತ್ತಾಳೆ ಹೇಳು? ಆದರೆ ನೀನು ಫೋನು ಎತ್ತುವುದಿಲ್ಲ, ಬಾಗಿಲು ಬಡಿದರೆ ಒಳಗಿನಿಂದ ಚಿಲಕ ಹಾಕಿಕೊಳ್ಳುತ್ತೀಯ. ಮೊನ್ನೆ ಹಾಲಿನ ಚೀಲಕ್ಕೆ ಒಂದು ಚೀಟಿ ಸಿಕ್ಕಿಸಿ ಕಳಿಸಿದ್ದೆಯಲ್ಲ, "ಈ ಮನೆ ಯಾಕ್ ಕೊಟ್ರಿ, ಈಗ್ಯಾಕ್ ಕಿತ್ಕೊತಿದೀರ? ನಿಜ ಹೇಳು, ಬೀಗ ಕೊಡ್ತೀನಿ" ಎಂದು. ಅದಕ್ಕೆ ಇದು ಉತ್ತರ. ನಾನು ಎಸ್ಸೆಸ್ಸೆಲ್ಸಿಯಲ್ಲಿ ಕನ್ನಡಕ್ಕೆ ಶಾಲೆಗೇ ಮೊದಲು ಬಂದವಳು. ನಿಜವನ್ನು ಬರೆಯುವುದಾದರೆ ನೆಟ್ಟಗೆ ಬರೆಯುತ್ತೇನೆ.

ಮೊದಲು ಕೆಲಸದ ಮಾತು. ನಿನ್ನ ಅತ್ತಿಗೆಗೆ ಆರು ತಿಂಗಳು ತುಂಬಿ ಏಳರಲ್ಲಿ ಬಿದ್ದಿದೆ. ಒಂದನೇ ನಂಬರು ರಸ್ತೆಯ ಬಾಯಿಗೇ ಇದೆ. ಟಿಪ್ಪರ್ ಲಾರಿಗಳ ಧೂಳು ಎಷ್ಟು ಒರೆಸಿದರೂ ಮುಗಿಯುವುದಿಲ್ಲ. ಕೂಸು ಬರುವ ಮನೆ ತಣ್ಣಗಿರಬೇಕು, ಗಾಳಿ ಬೆಳಕು ಇರಬೇಕು. ಓಣಿಯಲ್ಲೆಲ್ಲ ದೊಡ್ಡದು, ಚೆಂದದ್ದು ಹದಿನಾಲ್ಕೇ. ನಿನ್ನಣ್ಣ ಅಶ್ವತ್ಥನಿಗೆ ಅದು ಬೇಕಂತೆ. ಆಷಾಢ ಹಿಡಿಯುವ ಮುಂಚೆ ನೀನು ಖಾಲಿ ಮಾಡಬೇಕು. ನಿನ್ನ ಹೆಸರಿಗೆ ಕಾಗದಪತ್ರ ಏನೂ ಆಗಿಲ್ಲ, ಅದು ನಿನಗೂ ಗೊತ್ತು. ಬೀದಿಗೆ ಬೀಳುತ್ತೇನೆ ಎಂದು ಹೆದರಬೇಡ. ಒಂದನೇ ನಂಬರಿನಲ್ಲಿ ಅಡುಗೆಮನೆಯ ಮೇಲೆ, ಮೆಟ್ಟಿಲ ನಡುವೆ ಇರುವ ಆ ಅರ್ಧ ಮಹಡಿಯ ಕೋಣೆ ನಿನಗೆ. ಏಳಡಿಗೆ ಒಂಬತ್ತಡಿ. ಉಳಿದದ್ದನ್ನು ಅಶ್ವತ್ಥ್ ಬಾಡಿಗೆಗೆ ಕೊಡುತ್ತಾನಂತೆ. ಶಾಂಘೈಯಲ್ಲಿ ಅಂಥ ಕೋಣೆಗಳಲ್ಲಿ ಇಡೀ ಸಂಸಾರಗಳೇ ಬದುಕಿ ಬಾಳಿವೆ ಎಂದು ಹೇಳಿದವಳು ನೀನು, ನಕ್ಷೆಯಲ್ಲಿ ಅದನ್ನು ಬರೆದವಳೂ ನೀನು. ಒಬ್ಬಳಿಗೆ ಧಾರಾಳವಾಯಿತು.

ಈಗ ನೀನು ಕೇಳಿದ ನಿಜ.

ಮೂರು ವರ್ಷದ ಹಿಂದೆ ನೀನು ಚೀನಾದಿಂದ ಬಂದಾಗ ತಂದದ್ದು ಎರಡು ಪೆಟ್ಟಿಗೆ ಬಟ್ಟೆ, ಒಂದು ಉದ್ದನೆಯ ಕೊಳವೆ ತುಂಬ ನಕ್ಷೆ. ನಿಮ್ಮಪ್ಪ ತೀರಿಕೊಂಡು ಆಗ ವರ್ಷ ತುಂಬಿತ್ತು. ಮನೆ ಹಿಂದಿನ ರಾಗಿ ಹೊಲದಲ್ಲಿ ಅಪಾರ್ಟ್‌ಮೆಂಟ್ ಎಬ್ಬಿಸಬೇಕು ಎಂದು ಅಶ್ವತ್ಥ್ ಕುಣಿಯುತ್ತಿದ್ದ. ನೀನು ಪಡಸಾಲೆಯ ತುಂಬ ಫೋಟೋ ಹರಡಿ ಕೂತೆ. ನಾಲ್ಕು ವರ್ಷ ಅಲ್ಲಿ ನೀನು ರಿಪೇರಿ ಮಾಡಿಸಿದ ಹಳೇ ಓಣಿಮನೆಗಳು. ಎರಡೂ ಕಡೆ ಸಾಲಾಗಿ ಗೋಡೆಗೆ ಗೋಡೆ ಅಂಟಿದ ಮನೆಗಳು, ಒಂದೊಂದಕ್ಕೂ ಕಲ್ಲಿನ ಚೌಕಟ್ಟು, ಕಪ್ಪು ಬಣ್ಣದ ಜೋಡಿ ಬಾಗಿಲು, ಹಿತ್ತಾಳೆ ಬಳೆ. ಬಾಗಿಲ ನೆತ್ತಿಯ ಮೇಲೆ ಇಂಗ್ಲಿಷಿನವರ ಕಮಾನು, ಹೂಬಳ್ಳಿ. ಒಳಗೆ ಕಾಲಿಟ್ಟರೆ ಆಕಾಶ ಕಾಣುವ ಪುಟ್ಟ ಅಂಗಳ. ನಾನು ನೋಡಿ, ಇದು ನಮ್ಮ ತೊಟ್ಟಿ ಮನೆಯೇ ಕಣೇ, ಕಂಟೋನ್ಮೆಂಟಿನ ಬಂಗಲೆಯ ಟೋಪಿ ಹಾಕಿಕೊಂಡಿದೆ ಎಂದೆ. ನೀನು ನನ್ನ ಕೆನ್ನೆಗೆ ಮುತ್ತು ಕೊಟ್ಟೆ. ಅಶ್ವತ್ಥ್ ಮಾತ್ರ "ಲೇ, ಚೀನಾ ಮಾಲು ಅಂದ್ರೆ ಎರಡ್ ತಿಂಗಳಿಗೇ ಕಿತ್ತೋಗತ್ತೆ ಅಂತಾರೆ ಜನ, ಯಾರೇ ತಗೊತಾರೆ?" ಎಂದು ರೇಗಿಸಿದ.

ನಾನು ನಿನ್ನ ಕಡೆ ನಿಂತೆ. ಅದನ್ನು ಮರೆಯಬೇಡ. ಅಲ್ಲಿಯಂತೆ ಎಲ್ಲ ಬಾಗಿಲೂ ದಕ್ಷಿಣಕ್ಕೇ ಇರಲಿ ಎಂದು ನೀನು ಹಟ ಹಿಡಿದಾಗ ದೊಡ್ಡ ರಂಪವೇ ಆಯಿತು. ದಕ್ಷಿಣದ ಬಾಗಿಲನ್ನು ನಮ್ಮ ಕಡೆ ಬಿಟ್ಟಿ ಕೊಟ್ಟರೂ ಯಾರೂ ಕೊಳ್ಳುವುದಿಲ್ಲ. ಕೊನೆಗೆ ಒಂದು ಸಾಲು ಉತ್ತರಕ್ಕೆ, ಮಾರಲಿಕ್ಕೆ. ಇನ್ನೊಂದು ಸಾಲು ದಕ್ಷಿಣಕ್ಕೆ, ಏರ್‌ಪೋರ್ಟಿನ ಹುಡುಗ ಹುಡುಗಿಯರಿಗೆ ಬಾಡಿಗೆಗೆ ಎಂದು ಒಪ್ಪಂದವಾಯಿತು. ಎರಡೂ ಸಾಲು ಸೇರಿ ಹದಿಮೂರು ಮನೆ, ಓಣಿ ಹೋಗಿ ಮುಟ್ಟುವ ತುದಿಯಲ್ಲಿ ರಸ್ತೆಯನ್ನೇ ನೋಡುತ್ತ ನಿಂತಿರುವ ದೊಡ್ಡ ಮನೆ ಒಂದು. ಅದೇ ಹದಿನಾಲ್ಕು. ಓಣಿ ದಾರ ಹಿಡಿದ ಹಾಗೆ ನೆಟ್ಟಗಿರಬೇಕು, ಆಗಲೇ ಚೆಂದ ಎಂದೆ ನೀನು.

ಮನೆಗಳ ಆಯ, ವಾಸ್ತು ನೋಡುವ ಮುನಿಯಲ್ಲಪ್ಪ ಸುಣ್ಣದ ಪುಡಿ ಹಿಡಿದುಕೊಂಡು ಆ ತುದಿಯಲ್ಲಿ ಬಹಳ ಹೊತ್ತು ನಿಂತಿದ್ದ. ಆಮೇಲೆ ನನ್ನನ್ನು ಹುಣಸೆಮರದ ಕೆಳಗೆ ಕರೆದು, "ಅಮ್ಮಯ್ಯ, ಬೀದಿ ಬಂದು ನೆಟ್ಟಗೆ ಮನೆ ಎದೆಗೇ ಒಡೀತದೆ. ಇದು ಬೀದಿಶೂಲ. ಮೊದ್ಲು ಒಲೆ ಅಚ್ಚಿದ ಸಂಸಾರಕ್ಕೆ ನಾಟ್ತದೆ. ಒಂದ್ಸಲ ನಾಟಿದ್ ಮ್ಯಾಕೆ ಮೊಂಡಾಯ್ತದೆ, ಆಗ ಯಾರ್ ಬೇಕಾದ್ರೂ ಇರಬೋದು" ಎಂದ. ಖಾಲಿ ಬಿಡೋಣವೇ ಎಂದೆ. ಖಾಲಿ ಬಿಟ್ಟರೆ ಅದು ಕಟ್ಟಿಸಿದವನನ್ನು ಹುಡುಕಿಕೊಂಡು ಬರುತ್ತದೆ ಎಂದ. ಬಾಡಿಗೆಯವರನ್ನು ಇಡೋಣವೇ ಎಂದೆ. "ಬ್ಯಾರೇರ್ ಆಗಾಕಿಲ್ಲ, ಮನೆ ಮಕ್ಳೇ ಆಗ್ಬೇಕು" ಎಂದ.

ಕಟ್ಟಿಸುತ್ತಿದ್ದವನು ಅಶ್ವತ್ಥ್. ನನಗಿರುವುದು ಇಬ್ಬರೇ ಮಕ್ಕಳು. ಹುಣಸೆಮರದಿಂದ ಮನೆಗೆ ನಡೆದು ಬರುವಷ್ಟರಲ್ಲಿ ತೀರ್ಮಾನ ಆಗಿಹೋಗಿತ್ತು ದಿವ್ಯಾ. ತುಂಬ ಯೋಚಿಸಿದೆ, ಸಂಕಟಪಟ್ಟೆ ಎಂದು ಬರೆದರೆ ನಿನಗೆ ಸಮಾಧಾನ ಆದೀತು. ಆದರೆ ಅದು ಸುಳ್ಳು.

ನೀನೇ ಅಲ್ಲಿ ಹೋಗಿ ಇರಬಹುದಿತ್ತಲ್ಲ ಅಮ್ಮ ಎನ್ನುತ್ತೀಯ. ಕೇಳಿದೆ. ವಿಧವೆಯದು ಸಂಸಾರ ಅನ್ನಿಸಿಕೊಳ್ಳುವುದಿಲ್ಲ ಎಂದ ಮುನಿಯಲ್ಲಪ್ಪ. ಆ ಮಾತು ಕೇಳಿ ನನಗೆ ಒಳಗೊಳಗೇ ಹಾಯೆನಿಸಿತು.

ನಿನಗೂ ಬೀದಿಶೂಲದ ವಿಷಯ ಕಿವಿಗೆ ಬಿತ್ತು, ನೀನು ನಕ್ಕೆ. ಅಲ್ಲಿಯ ಜನರಿಗೂ ಇದೇ ಭಯವಿದೆಯಂತೆ. ಓಣಿ ನೇರವಾಗಿ ಬಂದು ಹೊಡೆಯುವ ಗೋಡೆಗೆ ಅಕ್ಷರ ಕೊರೆದ ಕಲ್ಲೊಂದನ್ನು ನಿಲ್ಲಿಸುತ್ತಾರಂತೆ. ನೋಡಲು ಚೆನ್ನಾಗಿರುತ್ತೆ ಎಂದು ನೀನೂ ಒಂದು ಕಲ್ಲು ಕೊರೆಸಿದೆ. ಅದು ಟ್ರ್ಯಾಕ್ಟರಿನಲ್ಲಿ ಬರುವಾಗ ಒಡೆದುಹೋಯಿತು ಎಂದು ನಿನಗೆ ಹೇಳಿದವಳು ನಾನು. ಒಡೆದಿರಲಿಲ್ಲ. ಕಲ್ಲು ನಿಂತರೆ ಬಂದ ಶೂಲ ತಿರುಗಿ ಓಣಿಯ ತಲೆಗೇ ಹೋಗುತ್ತದೆ ಎಂದ ಮುನಿಯಲ್ಲಪ್ಪ. ತಲೆಯಲ್ಲಿರುವುದು ಒಂದನೇ ನಂಬರು, ಅಶ್ವತ್ಥನ ಮನೆ. ಹಾಗಾಗಿ ಅಕ್ಷರ ಕೆಳಮುಖ ಮಾಡಿ ಹಿತ್ತಲಲ್ಲಿ ಹಾಕಿಸಿದ್ದೇನೆ. ಬಟ್ಟೆ ಒಗೆಯಲಿಕ್ಕೆ ಒಳ್ಳೇ ಕಲ್ಲು.

ಗೃಹಪ್ರವೇಶದ ದಿನ ತಟ್ಟೆಯಲ್ಲಿ ವೀಳ್ಯದೆಲೆ, ಬಾಳೆಹಣ್ಣು, ರವಿಕೆ ಕಣ ಇಟ್ಟು ಅದರ ಮೇಲೆ ಹದಿನಾಲ್ಕನೇ ಮನೆಯ ಬೀಗದಕೈ ಇಟ್ಟು ಕೊಟ್ಟೆ. ಇಡೀ ಓಣಿಯ ನಕ್ಷೆಯನ್ನು ಬಿಡಿಗಾಸು ಕೇಳದೆ ಬರೆದುಕೊಟ್ಟ ಮಗಳಿಗೆ ಅಮ್ಮನ ಉಡುಗೊರೆ ಎಂದು ನಾಲ್ಕು ಜನರ ಮುಂದೆ ಹೇಳಿದೆ. ನೀನು ನನ್ನ ಕಾಲು ಹಿಡಿದು ಅತ್ತೆ. ನಾನೂ ಅತ್ತೆ, ಅದು ನಾಟಕವಲ್ಲ. ನಿನ್ನ ಗಂಡ ಬಸವಕಿರಣನಂತೂ, ಪಾಪ, ಗದಗಿನಿಂದ ಬಂದು ಮತ್ತಿಕೆರೆಯ ಒಂದು ಕೋಣೆಯಲ್ಲಿ ಇದ್ದುಕೊಂಡು ಕಾಲೇಜಿನಲ್ಲಿ ಲೆಕ್ಕ ಹೇಳಿಕೊಡುತ್ತಿದ್ದ ಹುಡುಗ, ಅಷ್ಟು ದೊಡ್ಡ ಬಾಗಿಲನ್ನು ಮುಟ್ಟಿ ಮುಟ್ಟಿ ನೋಡುತ್ತಿದ್ದ. ನೀನು ಒಲೆ ಹಚ್ಚಿದೆ. ಹಾಲು ಉಕ್ಕಿತು. ನನ್ನ ಎದೆಯ ಭಾರ ಅವತ್ತು ಅರ್ಧ ಇಳಿಯಿತು.

ಉಳಿದರ್ಧ ಇಳಿದದ್ದು ಹೋದ ಕಾರ್ತಿಕದಲ್ಲಿ. ಯಲಹಂಕದ ಆಸ್ಪತ್ರೆಯಲ್ಲಿ, ಹೊಟ್ಟೆಯಲ್ಲೇ ಹೋದ ನಿನ್ನ ಏಳು ತಿಂಗಳ ಕೂಸನ್ನು ಬಿಳಿ ಬಟ್ಟೆಯಲ್ಲಿ ಸುತ್ತಿ ತಂದು ತೋರಿಸಿದರು. ನೀನು ನೋಡಲಾರೆ ಎಂದೆ, ನಾನು ನೋಡಿದೆ. ಹೆಣ್ಣು. ಮೂಗು ನಿಮ್ಮಪ್ಪನದು. ನಿನ್ನ ತಲೆ ತೊಡೆಯ ಮೇಲೆ ಇಟ್ಟುಕೊಂಡು ಬೆಳಗಿನವರೆಗೂ ಕೂತಿದ್ದೆ, ನಿನ್ನ ಜೊತೆ ನನ್ನ ಕಣ್ಣೀರೂ ಹರಿದದ್ದು ದೇವರಾಣೆ ನಿಜ. ಮನೆಗೆ ಬಂದು ತಲೆಗೆ ನೀರು ಹಾಕಿಕೊಂಡು ದೇವರ ಮುಂದೆ ಎರಡು ತುಪ್ಪದ ದೀಪ ಹಚ್ಚಿದ್ದೂ ನಿಜ. ನಾಟಬೇಕಾದದ್ದು ನಾಟಿತು, ಇನ್ನು ಅಶ್ವತ್ಥನ ಮನೆ ಕಡೆ ಸುಳಿಯುವುದಿಲ್ಲ ಎಂದುಕೊಂಡೆ. ಅದಾದ ಮೂರನೇ ತಿಂಗಳಿಗೇ ನಿನ್ನ ಅತ್ತಿಗೆ ಬಸುರಿ ಎಂದು ಗೊತ್ತಾಯಿತು. ಮದುವೆಯಾಗಿ ಎಂಟು ವರ್ಷಕ್ಕೆ! ಇದಕ್ಕಿಂತ ಬೇರೆ ಸಾಕ್ಷಿ ಬೇಕೇ?

ಇನ್ನು ಬಸವಕಿರಣನ ವಿಷಯ. ಅವನು ನಿನ್ನನ್ನು ಬಿಟ್ಟು ಹೋದ ಎಂದು ನೀನು ಊಟ ಬಿಟ್ಟು ಕೂತಿದ್ದೀಯಲ್ಲ, ಅವನ ತಪ್ಪು ಅದರಲ್ಲಿ ಅಷ್ಟಿಲ್ಲ. ಸಂಕ್ರಾಂತಿ ಮುಗಿದ ಮೇಲೆ ಒಂದು ದಿನ ಓಣಿಯ ಬಾಯಲ್ಲಿ ಅವನನ್ನು ನಿಲ್ಲಿಸಿ, "ಈ ಮನೆ ನಿಮಗೆ ಆಗ್ಬರಲ್ಲ ಕಣಪ್ಪ, ಹೋಗ್ಬಿಡಿ" ಎಂದೆ. "ಹಂಗಾರ ದಿವ್ಯಾನೂ ಕರ್ಕೊಂಡ ಹೋಗ್ತೀನ್ರೀ ಅತ್ತಿ" ಎಂದ. ಆ ಕೂಸು ಹೋದ ಮೇಲೆ ಅವನ ಮುಖ ನೋಡಲು ನಿನಗೆ ಇಷ್ಟವಿಲ್ಲ, ಹೇಳಲಾರದೆ ನನ್ನಿಂದ ಹೇಳಿಸುತ್ತಿದ್ದೀಯ ಎಂದುಬಿಟ್ಟೆ. ಅವನು ನಂಬಿಬಿಟ್ಟ. ಎರಡು ದಿನ ನಿನ್ನ ಹತ್ತಿರ ಮಾತಾಡದೆ ಓಡಾಡಿದ, ಮೂರನೇ ದಿನ ಪುಸ್ತಕ ಕಟ್ಟಿಕೊಂಡು ಮತ್ತಿಕೆರೆಗೆ ಹೋದ. ಹೋಗುವಾಗ ನನ್ನ ಕಾಲಿಗೆ ನಮಸ್ಕಾರ ಮಾಡಿದ, ಒಳ್ಳೇ ಸಂಸ್ಕಾರದ ಹುಡುಗ. ಗಂಡ ಹೆಂಡತಿ ಇಬ್ಬರೂ ಇದ್ದರೆ ಮನೆ ಬಿಡಿಸುವುದು ಕಷ್ಟ. ಒಬ್ಬಳೇ ಆದರೆ ಒಂದು ಕೋಣೆಯಲ್ಲಿ ಮುಗಿಯುತ್ತದೆ. ಇಷ್ಟೇ ನನ್ನ ಲೆಕ್ಕಾಚಾರ ಇದ್ದದ್ದು.

ಓದಿ ಕಿರುಚಬೇಡ, ಪಕ್ಕದ ಬಾಡಿಗೆಯವರಿಗೆ ಕೇಳಿಸುತ್ತದೆ. ಸ್ವಲ್ಪ ತಾಳ್ಮೆಯಿಂದ ಯೋಚಿಸು. ಬೀದಿಶೂಲ ಗೀದಿಶೂಲ ಎಲ್ಲ ಮೂಢನಂಬಿಕೆ ಎಂದು ನನಗೆ ಭಾಷಣ ಮಾಡಿದವಳು ನೀನು. ನಿನ್ನ ಪ್ರಕಾರ ಕೂಸು ಹೋದದ್ದು ಬಿಪಿಯಿಂದ. ಹಾಗಾದರೆ ನಾನು ನಿನಗೆ ಮಾಡಿದ ಅನ್ಯಾಯವಾದರೂ ಏನು? ಒಂದೂವರೆ ವರ್ಷ ಓಣಿಯಲ್ಲೇ ಚೆಂದದ ಮನೆಯಲ್ಲಿ ಇರಲು ಬಿಟ್ಟೆ. ನಂಬುವವಳು ನಾನು, ಪಾಪ ಏನಾದರೂ ಇದ್ದರೆ ನನ್ನ ತಲೆಗೆ. ನಿನ್ನ ಮೇಲೆ ನನಗೆ ಪ್ರೀತಿಯಿಲ್ಲ ಎಂದುಕೊಳ್ಳಬೇಡ. ಹೊಟ್ಟೆಯಲ್ಲಿ ಹೊತ್ತವಳು ನಾನು. ಚಿಕ್ಕವಳಿದ್ದಾಗ ಅಶ್ವತ್ಥನಿಗಿಂತ ನೀನೇ ನನಗೆ ಹೆಚ್ಚಾಗಿದ್ದೆ, ಎರಡು ಜಡೆ ಹಾಕಿ ಶಾಲೆಗೆ ಕಳಿಸುವಾಗ ದೃಷ್ಟಿ ತೆಗೆಯದೆ ಬಿಟ್ಟ ದಿನವಿಲ್ಲ. ಆದರೆ ಇಬ್ಬರಲ್ಲಿ ಒಬ್ಬರಿಗೆ ಏಟು ಬೀಳಲೇಬೇಕು ಎಂದಾಗ ಬೇರೆಯವರ ಮನೆ ಸೇರಿದವಳ ಕಡೆಗೇ ಕೈ ತೋರಿಸಿತು ಮನಸ್ಸು. ನನ್ನ ಜಾಗದಲ್ಲಿ ನಮ್ಮತ್ತೆ ಇದ್ದಿದ್ದರೂ ಅದನ್ನೇ ಮಾಡುತ್ತಿದ್ದರು.

ಮಾತು ಕೊಟ್ಟಿದ್ದೀಯ, ಬೀಗ ಕೊಡು. ಅರ್ಧ ಮಹಡಿಯ ಕೋಣೆಗೆ ಸುಣ್ಣ ಹೊಡೆಸಿದ್ದೇನೆ, ಫ್ಯಾನು ಹಾಕಿಸಿದ್ದೇನೆ. ಬೇಸಿಗೆಯಲ್ಲಿ ಕೆಳಗಿನ ಒಲೆಯ ಕಾವು ಸ್ವಲ್ಪ ತಟ್ಟುತ್ತದೆ, ಹೊಂದಿಕೊಂಡು ಹೋಗಬೇಕು. ಅತ್ತಿಗೆಯ ಬಾಣಂತನಕ್ಕೆ ನನಗೂ ಒಂದು ಕೈ ಸಹಾಯ ಆಗುತ್ತದೆ. ಕೂಸನ್ನು ಎತ್ತಿ ಆಡಿಸಿದರೆ ನಿನ್ನ ಮನಸ್ಸೂ ಹಗುರಾಗುತ್ತದೆ.

ವೇಳೆಗೆ ಸರಿಯಾಗಿ ಉಣ್ಣು. ತಲೆಗೆ ಎಣ್ಣೆ ಹಚ್ಚಿಕೊ.

ಇಂತಿ, ನಿನ್ನ ಒಳಿತನ್ನೇ ಬಯಸುವ ಅಮ್ಮ
ವೆಂಕಟಲಕ್ಷ್ಮಮ್ಮ

ಸೋಮವಾರ ಬೆಳಿಗ್ಗೆ ಸೇರಿಸಿದ್ದು: ನಿನ್ನೆಯೇ ಇದನ್ನು ಬಾಗಿಲ ಸಂದಿಯಲ್ಲಿ ತೂರಿಸಬೇಕೆಂದಿದ್ದೆ, ಆಗಲಿಲ್ಲ. ಒಳ್ಳೆಯದೇ ಆಯಿತು. ಅತ್ತಿಗೆಯ ಸೀಮಂತಕ್ಕೆ ದಿನ ನೋಡಲು ಮುನಿಯಲ್ಲಪ್ಪ ಸಂಜೆ ಬಂದಿದ್ದ. ಎಲ್ಲ ಹೇಳಿದೆ. ಅವನು ತಲೆ ಆಡಿಸಿಬಿಟ್ಟ. ಹೆಸರಿಡುವ ಮುಂಚೆ ಹೋದ ಕೂಸು ಲೆಕ್ಕಕ್ಕೆ ಬರುವುದಿಲ್ಲವಂತೆ. ಅಂದರೆ ಶೂಲ ಇನ್ನೂ ನಾಟದೆ ಹಾಗೇ ಇದೆ. ಆದ್ದರಿಂದ ಈಗಲೇ ಬೀಗ ಕೊಡಬೇಡ, ಅತ್ತಿಗೆಯ ಹೆರಿಗೆಯಾಗಿ ಮಗುವಿಗೆ ಹೆಸರಿಡುವವರೆಗೂ ನೀನು ಅಲ್ಲೇ ಇರು. ಒಂಟಿ ಹೆಂಗಸು ಇದ್ದರೂ ಆಗುವುದಿಲ್ಲವಂತೆ, ಗಂಡ ಹೆಂಡತಿ ಇಬ್ಬರೂ ಇದ್ದರೇ ಸಂಸಾರವಂತೆ. ಬೆಳಿಗ್ಗೆ ಎದ್ದವಳೇ ಬಸವಕಿರಣನಿಗೆ ಫೋನು ಮಾಡಿದೆ. ಅವತ್ತು ಹೇಳಿದ್ದು ನನ್ನ ತಪ್ಪು, ದಿವ್ಯಾ ನಿನ್ನ ಹೆಸರು ಹೇಳಿಕೊಂಡು ಅಳುತ್ತಿದ್ದಾಳೆ ಎಂದೆ. ಅವನೂ ಗಳಗಳನೆ ಅತ್ತ. ಶುಕ್ರವಾರ ಸಂಜೆ ಬರುತ್ತಾನೆ. ಈ ಕಾಗದ ಓದಿದ ಮೇಲೂ ನೀನು ಅವನಿಗೆ ಬಾಗಿಲು ತೆಗೆಯದೆ ಇರಲಾರೆ. ನಿನ್ನನ್ನು ಹೆತ್ತವಳು ನಾನು, ನನಗೆ ಗೊತ್ತು.