ಒಂದು ಹೆಜ್ಜೆ, ಒಂದು ಗೆರೆ

ಜೂನ್ 3, ಬೆಳಿಗ್ಗೆ

ಇದ್ದಿಲು ಕುಟ್ಟಿ ಜರಡಿ ಹಿಡಿದೆ. ಅಂಗಾಲಿಗೆ ಬಳಿದುಕೊಂಡು ಬಿಳಿ ಬಟ್ಟೆಯ ಮೇಲೆ ನಲವತ್ತು ನಿಮಿಷ ಕುಣಿದೆ. ಕುಣಿತ ಮುಗಿದ ಮೇಲೆ ಉಳಿಯುವ ಗುರುತೇ ಚಿತ್ರ, ಗೋಡೆಗೆ ಏರುವುದು ಅದೇ. ಶೋಗೆ ಇನ್ನು ಹದಿನಾರು ದಿನ.

ಇಷ್ಟು ವರ್ಷ ಕುಣಿದದ್ದು ಅಕ್ಕ, ಚಿತ್ರ ಬರೆದದ್ದು ನಾನು. ಈಗ ಎರಡೂ ನನ್ನ ತಲೆಗೆ. ಅವಳಿಗೆ ಪಾರ್ಶ್ವವಾಯು ಹೊಡೆದು ಎಂಟು ತಿಂಗಳು. ಎಡಗಾಲು ಎಳೆಯುತ್ತಾಳೆ. ಮಹಡಿ ಬಿಟ್ಟು ಇಳಿದಿಲ್ಲ. ಸ್ಟುಡಿಯೋ ಇರುವುದು ಕೆಳಗೇ — ಹದಿನೆಂಟು ಮೆಟ್ಟಿಲು.

ಮೇಲೆ ಹೋಗಿ ಕರೆದೆ. "ಒಂದ್ಸಲ ಬಂದು ನೋಡಕ್ಕ."

"ನೋಡೋಕೇನಿದೆ? ನೀನು ತಾಳ ತಪ್ಪೋದು ಇಲ್ಲಿಗೇ ಕೇಳ್ಸುತ್ತೆ."

ಮೂರನೇ ಸುತ್ತಿನಲ್ಲಿ ನಿಜವಾಗಿಯೂ ತಪ್ಪಿದ್ದೆ.

ಜೂನ್ 7, ಸಂಜೆ

ಫ್ರೇಮ್ ಅಂಗಡಿಯಿಂದ ಬಂದು ನೋಡಿದರೆ ಹಾಸಿದ್ದ ಹೊಸ ಬಟ್ಟೆ ಹಾಳು. ತುದಿಯಿಂದ ನಡುವಿನವರೆಗೆ ಕಪ್ಪು ಗೀಟು, ಪಕ್ಕದಲ್ಲಿ ಕಾಲಿನ ಗುರುತು. ಭಾವ ಕುರ್ಚಿ ಎಳೆದುಕೊಂಡು ಹೋಗಿದ್ದಾರೆ, ಇನ್ಯಾರು? ಬಾಯಿಗೆ ಬಂದಂತೆ ಅಂದೆ. ಅವರು ಒಮ್ಮೆ ಮಹಡಿಯ ಕಡೆ ನೋಡಿ ಹೊರಗೆ ಹೋದರು.

ನೆನೆಹಾಕಿ, ಸೋಪು ಹಾಕಿ ಮೂರು ಸಲ ತಿಕ್ಕಿದೆ. ಒಂದು ಚೂರೂ ಉಳಿಸಲಿಲ್ಲ.

ಜೂನ್ 8

ತಂತಿಯ ಮೇಲಿದ್ದ ಬಟ್ಟೆ ನೋಡಿ ಭಾವನ ಮುಖ ಇಳಿದುಹೋಯಿತು.

"ಒಗೆದೇಬಿಟ್ಯಾ?"

"ಮತ್ತೇನು, ಫ್ರೇಮ್ ಹಾಕಿಸ್ಲಾ?"

"ನಿಮ್ಮಕ್ಕ ಇಳಿದು ಬಂದಿದ್ಳು ಕಣಮ್ಮ. ಒಬ್ಳೇ. ಕಾಲಿಗೆ ಮಸಿ ಬಳ್ಕೊಂಡು ನಡೆದ್ಳು. ಹೇಳ್ಬೇಡಿ, ನೋಡಿದ್ರೆ ಅವಳಿಗೇ ಗೊತ್ತಾಗುತ್ತೆ ಅಂದ್ಳು."

ಒಂದು ಹೆಜ್ಜೆ, ಒಂದು ಗೆರೆ. ಕುರ್ಚಿ ಅಂದುಕೊಂಡೆ... ಅವಳ ಹೆಜ್ಜೆ ನೋಡಿಯೇ ಕುಣಿಯಲು ಕಲಿತವಳು ನಾನು. ಬರೆಯುವುದಕ್ಕೂ ನಾಚಿಕೆಯಾಗುತ್ತಿದೆ.

ಜೂನ್ 13

ಐದು ದಿನದಿಂದ ಅಕ್ಕ ಮಾತಾಡಿಲ್ಲ. ಇವತ್ತು ಮಂಚದ ಬಳಿ ನೆಲದ ಮೇಲೆ ಕೂತೆ. ತಪ್ಪಾಯ್ತು ಅಂದೆ. ಇನ್ನೊಂದು ಸಲ ನಡಿ, ಎಲ್ಲರ ಮುಂದೆ ನಡಿ ಅಂತ ಕೇಳಿಕೊಂಡೆ.

"ಅಷ್ಟು ಚೊಕ್ಕ ಮಾಡಿದೀಯಲ್ಲ. ಹಾಗೇ ಇರ್ಲಿ ಬಿಡು."

ಬೈದಿದ್ದರೆ ಚೆನ್ನಾಗಿತ್ತು.

ಜೂನ್ 19, ಸಂಜೆ 5:40

ಶೋಗೆ ಇನ್ನು ಇಪ್ಪತ್ತು ನಿಮಿಷ. ಸ್ಟುಡಿಯೋ ತುಂಬಿದೆ, ಜನ ಗೋಡೆಗೊರಗಿ ಕೂತಿದ್ದಾರೆ. ಒಗೆದ ಅದೇ ಬಟ್ಟೆಯನ್ನು ಮೆಟ್ಟಿಲ ಬುಡದಿಂದ ಹಾಸಿದ್ದೇನೆ. ಮೊದಲರ್ಧದಲ್ಲಿ ನಾನು ಕಾಲಿಡುವುದಿಲ್ಲ. ಅದು ಅಕ್ಕನದು. ಬಾರದಿದ್ದರೆ ಖಾಲಿಯೇ ಗೋಡೆಗೇರಲಿ.

ಮಸಿಯ ಬಟ್ಟಲು ಕೊನೆಯ ಮೆಟ್ಟಿಲ ಪಕ್ಕದಲ್ಲಿದೆ. ಭಾವ ಮೇಲೆ ಹೋಗಿ ಹೇಳಿಬಂದರು.

5:52

ಪರದೆಯ ಹಿಂದೆ ಕೂತಿದ್ದೇನೆ. ಸುಮ್ಮನಿರಲಾರದೆ ಬರೆಯುತ್ತಿದ್ದೇನೆ. ಮೇಲೆ ಬಾಗಿಲು ತೆಗೆದ ಸದ್ದು. ಭಾವ ಇಲ್ಲೇ ಇದ್ದಾರೆ, ನನ್ನ ಪಕ್ಕ.

ಮೆಟ್ಟಿಲ ಮೇಲೆ ಒಂದು ಹೆಜ್ಜೆ. ಆಮೇಲೆ ಎಳೆದ ಸದ್ದು. ಮತ್ತೆ ಹೆಜ್ಜೆ... ಭಾವ ನನ್ನ ಕೈ ಬಿಗಿಯಾಗಿ ಹಿಡಿದಿದ್ದಾರೆ, ಅಕ್ಷರ ಸೊಟ್ಟಗಾಗುತ್ತಿದೆ. ಎಣಿಸುತ್ತಿದ್ದೇನೆ.

ಹದಿನಾರು. ಹದಿನೇಳು. ಹದಿ—